ಹೆಚ್ಚಾದ ಅಕ್ಕಿ



ದುಡ್ಡಿನ ಮಾತು ಬಂದರೆ ನಮಗೆಲ್ಲ ಏನೋ ಮುಜುಗರ. ಇದ್ದವರು ಇಲ್ಲವೆನ್ನುತ್ತಾರೆ, ಇಲ್ಲದವರು ಇದ್ದಂತೆ ತೋರಿಸಿಕೊಳ್ಳುತ್ತಾರೆ. ಬೆಳೆ ಎಷ್ಟು ಬಂತೆಂದು ಕಟ್ಟೆಯ ಮೇಲೆ ಕುಳಿತು ಹೇಳುತ್ತೇವೆ. ಸಾಲ ಎಷ್ಟಾಯಿತೆಂದು ಮನೆಯವರಿಗೂ ಹೇಳುವುದಿಲ್ಲ.

ಶರಣರು ಹಣವನ್ನು ಕಂಡು ಹೆದರಲಿಲ್ಲ. 12ನೆಯ ಶತಮಾನದಲ್ಲಿ ಅಣ್ಣ ಬಸವಣ್ಣನವರು ಬಿಜ್ಜಳನ ಭಂಡಾರವನ್ನೇ ನೋಡಿಕೊಂಡವರು. ಅವರು ಹಣಕ್ಕೆ ಎರಡು ಬಾಗಿಲು ಇಟ್ಟರು. ಒಳಗೆ ಬರುವ ಬಾಗಿಲು ಕಾಯಕ, ಹೊರಗೆ ಹೋಗುವ ಬಾಗಿಲು ದಾಸೋಹ.

ಆಯ್ದಕ್ಕಿ ಮಾರಯ್ಯನವರ ಕಥೆ ನಿಮಗೆಲ್ಲ ತಿಳಿದದ್ದೇ. ಕಲ್ಯಾಣದ ಮಹಾಮನೆಯ ಅಂಗಳದಲ್ಲಿ ಚೆಲ್ಲಿದ ಅಕ್ಕಿ ಆಯ್ದು ತರುವುದು ಅವರ ಕಾಯಕ, ಅದರಿಂದಲೇ ದಾಸೋಹ. ಒಂದು ದಿನ ಎಂದಿಗಿಂತ ಹೆಚ್ಚು ತಂದರು. ಲಕ್ಕಮ್ಮನವರು ಹಿಗ್ಗಲಿಲ್ಲ. ಹೆಚ್ಚಾದುದನ್ನು ಅಲ್ಲಿಯೇ ಸುರಿದು ಬನ್ನಿರೆಂದು ಕಳುಹಿಸಿದರು. ಬಡತನ ಆ ತಾಯಿಗೆ ನಾಚಿಕೆಯಾಗಿರಲಿಲ್ಲ, ಅಳತೆ ಮೀರಿದ್ದು ನಾಚಿಕೆಯಾಗಿತ್ತು.

ಇನ್ನು ನಮ್ಮ ತಪ್ಪನ್ನು ಒಪ್ಪಿಕೊಳ್ಳಬೇಕು. ಕಳೆದ ಜಾತ್ರೆಯಲ್ಲಿ ಜತ್ತ ಕಡೆಯ ರೈತ ಭಕ್ತರೊಬ್ಬರು 5,001 ರೂಪಾಯಿ ಬರೆಸಿದರು. ಹೆಸರನ್ನೂ ಮೊತ್ತವನ್ನೂ ಧ್ವನಿವರ್ಧಕದಲ್ಲಿ ಕೂಗಿಸಿದೆವು, ಚಪ್ಪಾಳೆಯಾಯಿತು. ಆಮೇಲೆ ತಿಳಿಯಿತು, ಪಕ್ಕದ ಹೊಲದವರು ಅಷ್ಟು ಬರೆಸಿದ್ದರಿಂದ ಇವರು ಸಾಲ ತಂದಿದ್ದರು, ತಿಂಗಳಿಗೆ ನೂರಕ್ಕೆ 3ರ ಬಡ್ಡಿಯಂತೆ. ನಾವು ಬಿ.ಕಾಂ. ಓದಿದವರು, ಲೆಕ್ಕ ತಿಳಿಯದವರಲ್ಲ. ವರ್ಷಕ್ಕೆ ನೂರಕ್ಕೆ 36. ಮೂರು ವರ್ಷ ತೀರಿಸದಿದ್ದರೆ ಬಡ್ಡಿಯೇ ಅಸಲನ್ನು ಮೀರುತ್ತದೆ. ಹಣ ಮರಳಿಸಲು ಹೋದರೆ ಅವರು ಮುಟ್ಟಲಿಲ್ಲ. "ಊರವರು ಏನಂದಾರು?" ಎಂದರು. ಹೆಚ್ಚಾದ ಅಕ್ಕಿಯನ್ನು ಹಿಂದಕ್ಕೆ ಕಳಿಸಿದ ತಾಯಿಯ ಹೆಸರು ಹೇಳುವ ನಾವು ಸಾಲದ ದುಡ್ಡನ್ನು ಚಪ್ಪಾಳೆ ತಟ್ಟಿ ಒಳಗೆ ಕರೆದಿದ್ದೆವು.

ಪೂಜ್ಯರಲ್ಲಿ ನಿವೇದಿಸಿಕೊಂಡೆವು. ಅವರ ಅಪ್ಪಣೆಯಂತೆ ಬರುವ ಜಾತ್ರೆಯಿಂದ ಮೊತ್ತವನ್ನು ಕೂಗುವುದಿಲ್ಲ. ಒಂದು ಸೇರು ಜೋಳ ತಂದವರಿಗೂ ಹತ್ತು ಚೀಲ ತಂದವರಿಗೂ ಪಾವತಿ ಒಂದೇ, ಪ್ರಸಾದದ ಪಂಕ್ತಿಯೂ ಒಂದೇ. ಸಾಲ ಮಾಡಿ ಕಾಣಿಕೆ ತರಬೇಡಿರಿ. ಹಾಗೆ ತಂದದ್ದು ದಾಸೋಹವಾಗದು.

ನಿಮ್ಮಲ್ಲಿ ಒಂದು ವಿನಂತಿ. ಈ ಯುಗಾದಿಯಂದು ಬಂದದ್ದು, ಕೊಟ್ಟದ್ದು, ಕೊಡಬೇಕಾದದ್ದು ಮೂರನ್ನೂ ಒಂದು ಹಾಳೆಯಲ್ಲಿ ಬರೆದು ಮನೆಯವರೆಲ್ಲರ ಮುಂದೆ ಓದಿರಿ. ಮದುವೆಯ ಸಾಲ, ಬೋರಿನ ಸಾಲ, ಅಂಗಡಿಯ ಉದ್ದರಿ ಯಾವುದನ್ನೂ ಬಿಡಬೇಡಿರಿ. ಮಾರಯ್ಯನವರು ತಂದದ್ದನ್ನು ಮನೆಯಲ್ಲಿ ಬಿಚ್ಚಿ ತೋರಿಸಿದರು. ಅದರಿಂದಲೇ ಲಕ್ಕಮ್ಮನವರಿಗೆ ತಿದ್ದಲು ಸಾಧ್ಯವಾಯಿತು. ಮುಚ್ಚಿಟ್ಟ ಗಂಟನ್ನು ಯಾರು ತಿದ್ದಿಯಾರು?

ಶರಣು ಶರಣಾರ್ಥಿ.

— ಕಾರ್ಯದರ್ಶಿ, ಶ್ರೀಮಠ