ಬರೀ ಶಾಮಾ ಎಲ್ಲೂ ಇಲ್ಲ

ಒಂದು ಹಕ್ಕಿಯ ಜಾತಿ ಉಳಿದು, ಅದರ ಒಂದು ಉಪಜಾತಿ ಮಾತ್ರ ಅಳಿದರೆ ಅದು ಸಣ್ಣ ನಷ್ಟವೇ? ಶಾಮಾ ಹಕ್ಕಿಯ ವಿಷಯದಲ್ಲಿ ಇದು ಬರೀ ತರ್ಕದ ಪ್ರಶ್ನೆಯಲ್ಲ.

ಶಾಮಾ ನಮ್ಮ ಪಶ್ಚಿಮ ಘಟ್ಟದ ಕಾಡಿನಲ್ಲೂ ಇದೆ. ಗಂಡಿಗೆ ಹೊಳೆಯುವ ಕಪ್ಪು ಬೆನ್ನು, ಇಟ್ಟಿಗೆ ಬಣ್ಣದ ಹೊಟ್ಟೆ, ಉದ್ದನೆಯ ಬಾಲ, ಬಾಲದ ಬುಡದಲ್ಲಿ ಬಿಳಿ. ಬೇರೆ ಹಕ್ಕಿಗಳ ದನಿಯನ್ನೂ ತನ್ನ ಹಾಡಿಗೆ ಸೇರಿಸಿಕೊಳ್ಳುವ ಚತುರ. ಆ ಹಾಡೇ ಅದಕ್ಕೆ ಮುಳುವಾಯಿತು. 1889ರಲ್ಲಿ ಜರ್ಮನಿಯ ಹುಡುಗ ಲುಡ್ವಿಗ್ ಕೋಖ್ ಹಕ್ಕಿಯ ಹಾಡೊಂದನ್ನು ಮೇಣದ ಸಿಲಿಂಡರಿನಲ್ಲಿ ಹಿಡಿದಿಟ್ಟ. ಹಕ್ಕಿ ಹಾಡಿನ ಮೊದಲ ಧ್ವನಿಮುದ್ರಣ ಅಂತ ಹೆಸರಾದದ್ದು ಅದೇ. ಹಾಡಿದ್ದು ಪಂಜರದ ಶಾಮಾ.

ಭಾರತದಿಂದ ಇಂಡೋನೇಷ್ಯಾದವರೆಗೆ ಈ ಹಕ್ಕಿ ಊರಿಗೊಂದು ಬಗೆ. ಉತ್ತರ ಬೋರ್ನಿಯೋದ್ದಕ್ಕೆ ನೆತ್ತಿ ಬಿಳಿ. ಅದನ್ನು ಬೇರೆ ಜಾತಿ ಅಂತಲೇ ಎಣಿಸುವವರೂ ಇದ್ದಾರೆ. ಸುಮಾತ್ರದ ಪಶ್ಚಿಮದ ದ್ವೀಪಗಳದ್ದಕ್ಕೆ ಬಾಲ ಪೂರಾ ಕಪ್ಪು. ಜಾವಾದಲ್ಲಿ ಹಾಡುಹಕ್ಕಿಗಳ ಸ್ಪರ್ಧೆಯ ಹುಚ್ಚು ಜೋರು. ಅದಕ್ಕಾಗಿ ಹಿಡಿದೂ ಹಿಡಿದೂ ಹಲವು ದ್ವೀಪಗಳ ಕಾಡು ಸದ್ದಡಗಿದೆ. 2018ರಲ್ಲಿ ಇಂಡೋನೇಷ್ಯಾ ಸರ್ಕಾರ ಶಾಮಾವನ್ನು ಸಂರಕ್ಷಿತ ಪಟ್ಟಿಗೆ ಸೇರಿಸಿತು. ಹಕ್ಕಿ ಸಾಕುವವರು ಗಲಾಟೆ ಮಾಡಿದ ಮೇಲೆ ಅದೇ ವರ್ಷ ತೆಗೆದೂ ಹಾಕಿತು. 2022ರಲ್ಲಿ ಅಂತರರಾಷ್ಟ್ರೀಯ ವ್ಯಾಪಾರಕ್ಕೆ ಸೈಟಿಸ್ ಒಪ್ಪಂದದ ಕಡಿವಾಣ ಬಿತ್ತು. ದೇಶದೊಳಗಿನ ಸಂತೆಗೆ ಅದು ತಾಗುವುದಿಲ್ಲ.

ಇಷ್ಟಾದರೂ ಒಟ್ಟು ಜಾತಿಯ ಲೆಕ್ಕದಲ್ಲಿ ಶಾಮಾಗೆ ಅಂಥ ಆತಂಕವೇನಿಲ್ಲ. ನಮ್ಮ ಘಟ್ಟದಲ್ಲಿದೆ, ಥಾಯ್ಲೆಂಡಿನಲ್ಲಿದೆ. ಮತ್ತೇನು ಕಳೆದ ಹಾಗಾಯಿತು?

ಹೀಗೆ ಯೋಚಿಸಿ ನೋಡಿ. ನಾಳೆ ಕುಂದಾಪುರದ ಕನ್ನಡ ಆಡುವವರು ಒಬ್ಬರೂ ಉಳಿಯಲಿಲ್ಲ ಅನ್ನಿ. 'ಹೋದ್ರೆ ಹೋಗ್ಲಿ ಬಿಡಿ, ಕನ್ನಡ ಇದೆಯಲ್ಲ' ಅಂತೀವಾ? ಯಾವ ಊರಿನದೂ ಅಲ್ಲದ ಬರೀ ಕನ್ನಡವನ್ನು ಯಾವ ತಾಯಿಯೂ ಮಗುವಿನ ಜೊತೆ ಆಡುವುದಿಲ್ಲ. ಧಾರವಾಡದ್ದೋ, ಮೈಸೂರಿನದ್ದೋ, ಮಂಗಳೂರಿನದ್ದೋ ಇರುತ್ತೆ ಅಷ್ಟೆ. ಹಾಗೆಯೇ ಬರೀ ಶಾಮಾ ಯಾವ ಕಾಡಿನಲ್ಲೂ ಇಲ್ಲ. ನಮ್ಮ ಘಟ್ಟದ್ದೂ ಒಂದು ಉಪಜಾತಿಯೇ. ಅದಕ್ಕೆ ಮೊದಲು ಹೆಸರಿಟ್ಟರು, ಹಾಗಾಗಿ ಇಡೀ ಜಾತಿಗೆ ಮಲಬಾರಿನ ಹೆಸರು ಬಂತು. ಅದು ಹೆಚ್ಚುಗಾರಿಕೆಯಲ್ಲ, ಆಕಸ್ಮಿಕ.

ಪಂಜರದಲ್ಲಿ ಮರಿ ಮಾಡಿಸ್ತೀವಲ್ಲ, ತಳಿ ಎಲ್ಲಿ ಹೋಯ್ತು ಅನ್ನುವವರಿದ್ದಾರೆ. ಕಾಡಿನಿಂದ ಹಿಡಿಯುವುದು ಅದರಿಂದ ಕಡಿಮೆಯಾದರೆ ಒಳ್ಳೆಯದೇ. ಆದರೆ ಹಾಡುಹಕ್ಕಿ ಹಾಡು ಕಲಿಯುವುದು ಕೇಳಿ. ಬೇರೆ ಬೇರೆ ದ್ವೀಪದವನ್ನು ಕೂಡಿಸಿ, ಸ್ಪರ್ಧೆಗೆ ಬೇಕಾದ ದನಿ ಕೇಳಿಸಿ ಬೆಳೆಸಿದ ಹಕ್ಕಿ ಯಾವ ಕಾಡಿನ ಹಾಡು ಹಾಡೀತು?

ದುಡ್ಡು, ಸಮಯ ಕಡಿಮೆ ಇದ್ದಾಗ ಯಾವುದನ್ನು ಮೊದಲು ಉಳಿಸಬೇಕು ಅಂತ ಆರಿಸಲೇಬೇಕಾಗುತ್ತದೆ, ನಿಜ. ಆದರೆ ಕೈಲಾಗಲಿಲ್ಲ ಅನ್ನುವುದು ಬೇರೆ, ಹೋದದ್ದು ದೊಡ್ಡದೇನಲ್ಲ ಅನ್ನುವುದು ಬೇರೆ. ಮೊದಲನೆಯದರಲ್ಲಿ ಸಂಕಟವಾದರೂ ಉಳಿದಿರುತ್ತದೆ. ಎರಡನೆಯದು 'ಉಪ' ಅನ್ನುವ ಎರಡೇ ಅಕ್ಷರದಲ್ಲಿ ಅದನ್ನೂ ಒರೆಸಿಬಿಡುತ್ತದೆ.