ಎಚ್ಚರಿಕೆ ಕೊಟ್ಟ ಮೇಲೆ

ಸರ್ಕಾರದ ಅನುಮತಿಯಿಲ್ಲ, ವಿಶ್ವವಿದ್ಯಾನಿಲಯದ ಮಾನ್ಯತೆಯಿಲ್ಲ. ಆದರೂ ಆಂಧ್ರಪ್ರದೇಶದ ಒಂದು ಸಂಸ್ಥೆ ವೈದ್ಯಕೀಯ ಕಾಲೇಜು ತೆರೆಯಿತು, ಹುಡುಗರು ಹಣ ತೆತ್ತು ಸೇರಿದರು. ಆ ವಿವಾದ 1986ರಲ್ಲಿ ಸುಪ್ರೀಂ ಕೋರ್ಟಿಗೆ ಬಂತು. ಆಡಳಿತದವರ ತಪ್ಪಿಗೆ ನಾವೇಕೆ ಬಲಿಯಾಗಬೇಕು, ಪರೀಕ್ಷೆಗೆ ಕೂಡಲು ಬಿಡಿ ಎಂಬುದು ವಿದ್ಯಾರ್ಥಿಗಳ ಮೊರೆ. ನ್ಯಾಯಮೂರ್ತಿ ಚಿನ್ನಪ್ಪ ರೆಡ್ಡಿಯವರು ಒಪ್ಪಲಿಲ್ಲ. ವಿಶ್ವವಿದ್ಯಾನಿಲಯ ಹುಟ್ಟಿದ್ದೇ ಶಾಸನದಿಂದ. ಆ ಶಾಸನವನ್ನೇ ಮೀರೆಂದು ನ್ಯಾಯಾಲಯ ಅದಕ್ಕೆ ಅಪ್ಪಣೆ ಕೊಡಲಾಗದೆಂದರು.

ಮೊದಲು ಓದಿದಾಗ ನನಗಿದು ಕಠೋರವೆನಿಸಿತ್ತು. ಆದರೆ ಯೋಚಿಸಿ ನೋಡಿ. ನ್ಯಾಯಾಲಯಕ್ಕೆ ಬಂದ ಹುಡುಗನ ಕಣ್ಣೀರು ಎಲ್ಲರಿಗೂ ಕಾಣುತ್ತದೆ. ಕಲಿಯಬೇಕಾದುದನ್ನು ಕಲಿಯದೆ ಪದವಿ ಪಡೆದವನ ಮುಂದೆ, ಹತ್ತು ವರ್ಷಗಳ ಮೇಲೆ, ಜ್ವರದ ಕೂಸನ್ನೆತ್ತಿಕೊಂಡು ಕೂರುವ ತಾಯಿ ಅಲ್ಲಿಲ್ಲ. ಅವಳಿಗೆ ವಕೀಲರೂ ಇಲ್ಲ. ಅವಳ ಪರವಾಗಿರುವುದು ಆ ಒಣ ಶಾಸನವೊಂದೇ. ಆದ್ದರಿಂದ ತೀರ್ಪು ಸರಿಯೆಂದೇ ಈಗ ನನ್ನ ಮತ.

ಆದರೂ ಅದರಲ್ಲಿನ ಒಂದು ಮಾತು ಚುಚ್ಚುತ್ತದೆ. ಹುಡುಗರು ಕಳೆದುಕೊಂಡ ಹಣಕ್ಕೂ ವರ್ಷಗಳಿಗೂ ವಿಷಾದಿಸಿದ ನ್ಯಾಯಾಲಯ, ಉಸ್ಮಾನಿಯಾ ವಿಶ್ವವಿದ್ಯಾನಿಲಯ ಆಗಾಗ ಎಚ್ಚರಿಸಿದ್ದರೂ ಸೇರಿದ್ದರಿಂದ ಈ ಗತಿ ಅವರೇ ತಂದುಕೊಂಡದ್ದು ಎಂದಿತು. ಇಂಥ ಎಚ್ಚರಿಕೆಗಳನ್ನು ಓದಿ ತಿಳಿಯುವವರು ನಾವು ನೀವು (ನಾವಾದರೂ ಎಷ್ಟು ಓದುತ್ತೇವೋ!). ಮಗ ಡಾಕ್ಟರಾಗಲೆಂದು ಹೊಲ ಮಾರುವ ತಂದೆಯ ಕಿವಿಗೆ ಬೀಳುವುದು, ಮಾನ್ಯತೆ ಇಂದು ಬರುತ್ತದೆ, ನಾಳೆ ಬರುತ್ತದೆ ಎಂಬ ಆಶ್ವಾಸನೆ. ಪರೀಕ್ಷೆಯನ್ನು ನಿರಾಕರಿಸುವುದಕ್ಕೆ ಶಾಸನವೇ ಸಾಕಿತ್ತು. ಹುಡುಗರ ತಲೆಗೆ ತಪ್ಪನ್ನೂ ಕಟ್ಟುವ ಅಗತ್ಯ ನನಗಂತೂ ಕಾಣಲಿಲ್ಲ.