ಕನ್ನಡಿಯೊಳಗಿನ ಗಂಟು ಯಾರದ್ದು?

ಕಳ್ಳತನ ಅಂದ್ರೆ ಏನು? ಕೊಟ್ಟಿಗೆಯಲ್ಲಿ ಕಟ್ಟಿದ್ದ ಎಮ್ಮೆ ಬೆಳಗ್ಗೆ ಕಾಣಿಸದಿದ್ದರೆ ಅದು ಕಳ್ಳತನ. ಯಾರಿಗೂ ಅನುಮಾನ ಇಲ್ಲ. ಆದ್ರೆ ಎಮ್ಮೆ ಕಟ್ಟಿದಲ್ಲೇ ಇದೆ, ಹಾಲೂ ಕೊಡ್ತಾ ಇದೆ, ಪಕ್ಕದ ಊರಲ್ಲಿ ಥೇಟ್ ಅದರಂಥದ್ದೇ ಇನ್ನೊಂದು ಎಮ್ಮೆ ಬೇರೆ ಯಜಮಾನನ ಹೆಸರಲ್ಲಿ ನಿಂತಿದೆ ಅಂತಿಟ್ಟುಕೊಳ್ಳಿ. ಈಗ ನೀವು ಕಳಕೊಂಡಿದ್ದೇನು? ಪೊಲೀಸ್ ಠಾಣೆಗೆ ಹೋಗಿ ಏನಂತ ದೂರು ಬರೆಸ್ತೀರಿ?

ಎಮ್ಮೆಯ ವಿಷಯದಲ್ಲಿ ಇದು ತಮಾಷೆ. ವೆಬ್‌ಸೈಟ್ ವಿಷಯದಲ್ಲಿ ದಿನನಿತ್ಯದ ಸಂಗತಿ. ಒಬ್ಬರ ಸೈಟ್ ಇದ್ದ ಹಾಗೇ ಇನ್ಯಾವುದೋ ಡೊಮೈನ್ ಹೆಸರಲ್ಲಿ ಕಾಣಿಸಿಕೊಳ್ಳುತ್ತೆ. ಇದಕ್ಕೆ ನಾವು ಮಿರರ್ ಅಂತೀವಿ, ಅಂದರೆ ಕನ್ನಡಿ.

ಮಲೆನಾಡಿನ ಗೆಳೆಯನೊಬ್ಬ ಅಡಿಕೆ ತೋಟದ ಬಗ್ಗೆ ವರ್ಷಗಟ್ಟಲೆ ಬರೆದು ಒಂದು ಸೈಟ್ ಕಟ್ಟಿದ್ದಾನೆ. ಒಂದು ಮಳೆಗಾಲದಲ್ಲಿ ಫೋನ್ ಮಾಡಿ, "ಮಾರಾಯ, ನನ್ನ ಸೈಟಿಗೊಂದು ಅವಳಿ ಹುಟ್ಟಿದೆ ನೋಡು" ಅಂದ. ನೋಡಿದೆ. ಅದೇ ಬರಹ, ಅದೇ ಫೋಟೊ, ವಿಳಾಸ ಮಾತ್ರ ಬೇರೆ. ಸುತ್ತಲೂ ಜಾಹೀರಾತು. ಅವನ ಫೋನ್ ನಂಬರ್ ಇದ್ದ ಜಾಗದಲ್ಲಿ ಇನ್ಯಾರದ್ದೋ ನಂಬರ್. ನನಗೆ ದಿಗಿಲು ಹುಟ್ಟಿಸಿದ್ದು ಆ ನಂಬರ್.

ಇದು ನಡೆಯೋದು ಮುಖ್ಯವಾಗಿ ಮೂರು ರೀತಿಯಲ್ಲಿ. ಒಂದು, ಪುಟಗಳನ್ನೆಲ್ಲ ಒಂದೇ ಸಲ ಇಳಿಸಿಕೊಂಡು ಬೇರೆ ಕಡೆ ಇಡೋದು. ಎರಡು, ಹೊಸ ಡೊಮೈನ್ ಕೊಂಡು ಅದರ ಡಿಎನ್‌ಎಸ್ ದಾಖಲೆಯಲ್ಲಿ ನಿಮ್ಮ ಸರ್ವರಿನ ಐಪಿ ವಿಳಾಸ ಬರೆಯೋದು. ಇದಕ್ಕೆ ಯಾರ ಅಪ್ಪಣೆಯೂ ಬೇಕಿಲ್ಲ. ಯಾವ ಹೆಸರಿಂದ ಕರೆದರೂ ಓಗೊಡುವ ಸರ್ವರ್ ನಿಮ್ಮದಾಗಿದ್ದರೆ ಪಾಪ, ಅದು ಬಂದವರಿಗೆಲ್ಲ ಬಡಿಸುತ್ತೆ. ಮೂರನೆಯದು ರಿವರ್ಸ್ ಪ್ರಾಕ್ಸಿ. ಓದುಗ ಅವರ ವಿಳಾಸಕ್ಕೆ ಬಂದ ಕ್ಷಣ ಅವರ ಸರ್ವರ್ ನಿಮ್ಮಲ್ಲಿಗೆ ಓಡಿಬಂದು ಪುಟ ಒಯ್ಯುತ್ತೆ, ದಾರಿಯಲ್ಲೇ ನಿಮ್ಮ ಹೆಸರು ಅಳಿಸಿ ತನ್ನದು ಬರೆದು ಓದುಗನ ಕೈಗಿಡುತ್ತೆ. ನೀವು ಹೊಸದು ಬರೆದರೆ ಅಲ್ಲೂ ಹೊಸದೇ. ಕಂಬದ ತಂತಿಗೆ ಕೊಕ್ಕೆ ಹಾಕಿ ಕರೆಂಟ್ ಎಳೆದ ಹಾಗೆ: ಬೆಳಕು ಅವರಿಗೆ, ಬಿಲ್ಲು ನಿಮಗೆ.

ಮದ್ದೂ ಇದೆ. ಸರ್ವರಿಗೆ ಬರುವ ಪ್ರತಿ ಕೋರಿಕೆಯಲ್ಲೂ ಯಾವ ಡೊಮೈನ್ ಬೇಕು ಅಂತ ಹೋಸ್ಟ್ ಹೆಸರು ಇರುತ್ತೆ. ಅದು ನಮ್ಮದಲ್ಲದಿದ್ದರೆ ಮಾತಾಡದೆ ಬಾಗಿಲು ಹಾಕು ಅಂತ ಹೇಳಿಡಬಹುದು. ಎನ್‌ಜಿನ್‌ಎಕ್ಸ್‌ನಲ್ಲಿ 444 ಎಂಬ ಸಂಖ್ಯೆ ಇರೋದೇ ಇದಕ್ಕೆ. ಪ್ರಾಕ್ಸಿ ಹಿಡಿಯೋಕೆ ಒಂದು ಹಳ್ಳಿ ಉಪಾಯ ಇದೆ: ನಕಲಿ ಸೈಟಿಗೆ ಹೋಗಿ, ಲೋಕದಲ್ಲಿ ಯಾರೂ ಕೇಳದ ಒಂದು ಪುಟದ ಹೆಸರು ಟೈಪ್ ಮಾಡಿ, ಆಮೇಲೆ ನಿಮ್ಮ ಲಾಗ್ ನೋಡಿ. ಆ ಹೆಸರು ಯಾವ ಐಪಿಯಿಂದ ಬಂತೋ ಕೊಕ್ಕೆ ಅಲ್ಲಿದೆ. ಅದನ್ನು ತಡೆಯಿರಿ. ನಾಳೆ ಅವರು ಐಪಿ ಬದಲಿಸ್ತಾರೆ, ನಾಡಿದ್ದು ನೀವು ಮತ್ತೆ ತಡೀತೀರಿ. ಜೊತೆಗೆ ಹೋಸ್ಟಿಂಗ್ ಕಂಪನಿಗೆ, ಸರ್ಚ್ ಎಂಜಿನ್‌ಗೆ ದೂರು. ಅಮೆರಿಕದ 1998ರ ಡಿಎಂಸಿಎ ಕಾಯ್ದೆಯ ನೋಟಿಸಿಗೆ ಅಲ್ಲಿನ ಬಹುತೇಕ ಕಂಪನಿಗಳು ಸ್ಪಂದಿಸುತ್ತವೆ.

ಇಷ್ಟರವರೆಗೆ ತಕರಾರಿಲ್ಲ. ಇದಾದ ಮೇಲೆ ಸಿಟ್ಟಲ್ಲಿ ನಾವೇನು ಮಾಡ್ತೀವಿ ಅನ್ನೋದು ನೋಡಿ. ರೈಟ್ ಕ್ಲಿಕ್ ಬಂದ್. ಅಕ್ಷರ ಆಯ್ಕೆ ಮಾಡೋದು ಬಂದ್. ಬರಹವನ್ನೇ ಚಿತ್ರ ಮಾಡಿ ಹಾಕೋದು. ಅನುಮಾನ ಬಂದ ಐಪಿಗಳನ್ನೆಲ್ಲ ಬ್ಲಾಕ್ ಮಾಡೋದು. ಕಳ್ಳನಿಗೆ ಇದ್ಯಾವುದೂ ತಾಗಲ್ಲ, ಅವನ ಪ್ರೋಗ್ರಾಮಿಗೆ ಮೌಸೇ ಇಲ್ಲ. ತಾಗೋದು ಸ್ಕ್ರೀನ್ ರೀಡರ್‌ನಲ್ಲಿ ಓದುವ ಅಂಧರಿಗೆ. ಚಿತ್ರವಾದ ಬರಹ ಅವರ ಪಾಲಿಗೆ ಖಾಲಿ ಹಾಳೆ. ತಾಗೋದು ಮೊಬೈಲಲ್ಲಿ ಓದುವ ರೈತನಿಗೆ. ಮೊಬೈಲ್ ಕಂಪನಿಗಳು ಎಷ್ಟೋ ಗ್ರಾಹಕರನ್ನು ಒಂದೇ ಐಪಿ ವಿಳಾಸದ ಹಿಂದೆ ಕೂರಿಸಿರುತ್ತವೆ, ಒಬ್ಬನಿಗೆ ಹಾಕಿದ ಬೀಗ ಎಲ್ಲರಿಗೂ ಬೀಳುತ್ತೆ. ಹಂದಿ ಬರುತ್ತೆ ಅಂತ ಊರಿನ ಕಾಲುದಾರಿಗೇ ಬೇಲಿ ಹಾಕಿದ ಹಾಗೆ.

ಇಲ್ಲಿ ನಿಂತು ಕೇಳಿಕೊಳ್ಳಬೇಕಾದ ಪ್ರಶ್ನೆ ಇದು: ನಾವು ಕಾಪಾಡಲು ಹೊರಟಿರೋದು ಏನನ್ನ?

ನಕಲಾಗೋದೇ ತಪ್ಪು ಅನ್ನೋಣ ಅಂದ್ರೆ ವೆಬ್ ಇರೋದೇ ನಕಲಿನ ಮೇಲೆ. ನೀವು ಪುಟ ಓದ್ತೀರಿ ಅಂದ್ರೆ ಅದರ ಒಂದು ಪ್ರತಿ ನಿಮ್ಮ ಫೋನಿಗೆ ಇಳಿದಿದೆ ಅಂತಲೇ ಅರ್ಥ. ಕನ್ನಡಿಗಳಲ್ಲಿ ಒಳ್ಳೆಯವೂ ಇವೆ. 1996ರಲ್ಲಿ ಶುರುವಾದ ಇಂಟರ್ನೆಟ್ ಆರ್ಕೈವ್ ಸತ್ತುಹೋದ ಎಷ್ಟೋ ಸೈಟುಗಳ ಪ್ರತಿಗಳನ್ನು ಉಳಿಸಿದೆ. 2017ರ ಏಪ್ರಿಲ್‌ನಿಂದ 2020ರ ಜನವರಿವರೆಗೆ ಟರ್ಕಿಯಲ್ಲಿ ವಿಕಿಪೀಡಿಯ ನಿಷೇಧವಾಗಿದ್ದಾಗ ಅಲ್ಲಿನವರಿಗೆ ಕನ್ನಡಿ ಸೈಟುಗಳೇ ಕಿಟಕಿಯಾಗಿದ್ದವು. ಡೆಬಿಯನ್ ಲಿನಕ್ಸ್ ಅಂತೂ ಜಗತ್ತಿನಾದ್ಯಂತ ಕನ್ನಡಿ ಇಡಿ ಅಂತ ತಾನೇ ಕರೆಯುತ್ತೆ. ಹಾಗೆ ಕರೆಯೋಕೆ ಅದಕ್ಕೆ ಧೈರ್ಯ ಎಲ್ಲಿಂದ ಬಂತು? ಪ್ಯಾಕೇಜುಗಳ ಪಟ್ಟಿಗೆ ಡಿಜಿಟಲ್ ಸಹಿ ಇದೆ. ಯಾರ ಮನೆಯಿಂದ ತಂದರೂ ಸಹಿ ಹೊಂದಬೇಕು. ನಡುವೆ ಯಾರಾದ್ರೂ ಕೈಯಾಡಿಸಿದ್ದರೆ ನಿಮ್ಮ ಕಂಪ್ಯೂಟರ್ ಅಲ್ಲೇ ತಡೆಯುತ್ತೆ.

ಈ ಸಹಿ ನಮಗೆ ಹೊಸದಲ್ಲ. ವಚನಗಳು ಉಳಿದಿದ್ದೇ ನಕಲಿನಿಂದ. ಯಾರೋ ಒಬ್ಬರು ತಾಳೆಗರಿಯ ಮೇಲೆ ಪ್ರತಿ ಮಾಡಿದರು, ಗರಿ ಹಳತಾದಾಗ ಇನ್ಯಾರೋ ಮತ್ತೆ ಪ್ರತಿ ಮಾಡಿದರು. ಫ. ಗು. ಹಳಕಟ್ಟಿಯವರು ಅಂಥ ಕಟ್ಟುಗಳನ್ನು ಹುಡುಕಿ ಹುಡುಕಿ ಸೇರಿಸಿ 1923ರಲ್ಲಿ 'ವಚನಶಾಸ್ತ್ರ ಸಾರ'ದ ಮೊದಲ ಭಾಗ ಅಚ್ಚು ಹಾಕಿಸಿದರು. ಆ ಗರಿಗಳಲ್ಲಿ ಇದು ಬಸವಣ್ಣನವರದು, ಇದು ಅಕ್ಕನದು ಅಂತ ಗೊತ್ತಾಗಿದ್ದು ಅಂಕಿತದಿಂದ: ಕೂಡಲಸಂಗಮದೇವ, ಚೆನ್ನಮಲ್ಲಿಕಾರ್ಜುನ, ಗುಹೇಶ್ವರ. ಗಮನಿಸಿ, ಇವು ಬರೆದವರ ಸ್ವಂತ ಹೆಸರುಗಳಲ್ಲ, ಅವರ ದೈವದ ಹೆಸರುಗಳು. ಇದು ನನ್ನ ಆಸ್ತಿ ಅನ್ನೋ ಧ್ವನಿ ಅದರಲ್ಲಿಲ್ಲ. ಈ ಮಾತು ಎಲ್ಲಿಂದ ಬಂತು ಅನ್ನೋದು ಮಾತ್ರ ಇದೆ. ಪ್ರತಿ ಮಾಡೋದು ಪುಣ್ಯದ ಕೆಲಸವಾಗಿತ್ತು. ಅಂಕಿತ ಬದಲಿಸೋದು ಬೇರೆಯೇ ಮಾತು. ಬಸವಣ್ಣನವರ ಅಂಕಿತ ಬದಲಿಸಿ ತಂದ ಒಂದು ಪುಸ್ತಕವನ್ನು ಕರ್ನಾಟಕ ಸರ್ಕಾರ 1998ರಲ್ಲಿ ನಿಷೇಧಿಸಿತು, 2017ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಪುಸ್ತಕ ನಿಷೇಧಿಸೋದು ಸರಿಯಾ ಅನ್ನೋದು ಬೇರೆ ಚರ್ಚೆ, ಅದರ ಬಗ್ಗೆ ನನಗೆ ಅನುಮಾನಗಳಿವೆ. ಆದ್ರೆ ಒಂದು ಪದದ ಬದಲಾವಣೆ ಜನರನ್ನು ಅಷ್ಟು ಕಲಕಿತಲ್ಲ, ಅದು ಸುಮ್ಮನೆ ಅಲ್ಲ.

ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಗೂ ಈ ವ್ಯತ್ಯಾಸ ಗೊತ್ತು. ಅದರ 57ನೇ ಕಲಮಿನ ಪ್ರಕಾರ, ಹಕ್ಕನ್ನೆಲ್ಲ ಮಾರಿಬಿಟ್ಟ ಮೇಲೂ "ಇದನ್ನು ಬರೆದವನು ನಾನು" ಅನ್ನುವ ಹಕ್ಕು ಬರೆದವನಲ್ಲೇ ಉಳಿಯುತ್ತೆ. ಆಸ್ತಿ ಕೈ ಬದಲಾಯಿಸಬಹುದು, ಹೆಸರು ಬದಲಾಯಿಸಲ್ಲ.

ಯಾಕೆ ಅಂದ್ರೆ ಹೆಸರು ಅಂದ್ರೆ ಬರೀ ಕೀರ್ತಿಯಲ್ಲ, ಹೊಣೆ. ಗೆಳೆಯನ ಸೈಟಿನಲ್ಲಿ ಕೊಳೆರೋಗಕ್ಕೆ ಶೇಕಡಾ 1ರ ಬೋರ್ಡೋ ದ್ರಾವಣದ ಅಳತೆ ಇದೆ: ಒಂದು ಕಿಲೋ ಮೈಲುತುತ್ತ, ಒಂದು ಕಿಲೋ ಸುಣ್ಣ, ನೂರು ಲೀಟರ್ ನೀರು. ನಕಲಿಯಲ್ಲಿ ಯಾರಾದರೂ ಒಂದು ಅಂಕಿ ತಿದ್ದಿದರೆ, ಜಾಹೀರಾತಿನ ಔಷಧಿಯನ್ನೇ ಕೊಳ್ಳಿ ಅಂತ ಸೇರಿಸಿದರೆ ಯಾರನ್ನು ಕೇಳೋದು? ಅವನು ತನ್ನ ಹೆಸರು, ನಂಬರ್ ಕೊಟ್ಟಿದ್ದು ಬೈಯೋಕೆ ಒಬ್ಬ ಮನುಷ್ಯ ಸಿಗಲಿ ಅಂತ. ಕನ್ನಡಿಯವನು ಅಳಿಸಿದ್ದು ಆ ಮನುಷ್ಯನನ್ನ. ಹಾಗಾಗಿ ಇಲ್ಲಿ ಮೋಸ ಹೋಗುವವರಲ್ಲಿ ಬರೆದವನಿಗಿಂತ ಓದುವವನೇ ಮೊದಲಿಗ.

ಓದುವವನ ಕೈಯಲ್ಲಿ ಇದನ್ನು ಪತ್ತೆ ಮಾಡುವ ಸಾಧನವೂ ಕಮ್ಮಿ. ಬ್ರೌಸರಿನಲ್ಲಿ ಬೀಗದ ಗುರುತು ನೋಡಿ ನಂಬಿ ಅಂತ ನಾವೇ ವರ್ಷಗಟ್ಟಲೆ ಹೇಳಿಕೊಟ್ವಿ. ಬೀಗ ಹೇಳೋದು ನಡುದಾರಿಯಲ್ಲಿ ಯಾರೂ ಕದ್ದು ಕೇಳುತ್ತಿಲ್ಲ ಅಂತ ಅಷ್ಟೇ, ಆಚೆ ಇರುವವನು ಪ್ರಾಮಾಣಿಕ ಅಂತಲ್ಲ. ನಕಲಿ ಸೈಟಿಗೂ ಪ್ರಮಾಣಪತ್ರ ಪುಕ್ಕಟೆ ಸಿಗುತ್ತೆ. ಜನ ತಪ್ಪು ತಿಳಿಯುತ್ತಾರೆ ಅಂತಲೇ ಕ್ರೋಮ್ 2023ರಲ್ಲಿ ವಿಳಾಸಪಟ್ಟಿಯ ಬೀಗ ತೆಗೆದುಹಾಕಿತು. ಅಡಿಕೆ ಸೈಟಿಗೆ ಬಳಸುವ ಅದೇ ಪ್ರಾಕ್ಸಿ ತಂತ್ರವನ್ನು ಬ್ಯಾಂಕಿನ ಲಾಗಿನ್ ಪುಟಕ್ಕೂ ಬಳಸುತ್ತಾರೆ. ಪಾಸ್‌ವರ್ಡ್ ಜೊತೆ ಓಟಿಪಿಯೂ ಅದೇ ದಾರಿಯಲ್ಲಿ ಹೋಗುತ್ತೆ.

ಆದ್ದರಿಂದ ನನ್ನ ಲೆಕ್ಕ ಸರಳ. ಬೇಲಿ ಹಾಕುವ ಮೊದಲು, ಈ ಬೇಲಿಯಿಂದ ಓದುಗನಿಗೆ ಸತ್ಯ ಹತ್ತಿರವಾಗುತ್ತಾ ಅಂತ ಕೇಳಬೇಕು. ಹೋಸ್ಟ್ ಹೆಸರು ಪರೀಕ್ಷಿಸೋದು, ಪ್ರಾಕ್ಸಿ ತಡೆಯೋದು, ದೂರು ಕೊಡೋದು, ಪ್ರತಿ ಪುಟದಲ್ಲೂ ಹೆಸರು, ದಿನಾಂಕ ಬರೆಯೋದು ಹತ್ತಿರ ಮಾಡುತ್ತವೆ. ಅಕ್ಷರಕ್ಕೆ ಬೀಗ ಹಾಕೋದು ದೂರ ಮಾಡುತ್ತೆ. ಸಾಧ್ಯವಿದ್ದರೆ ವಿಕಿಪೀಡಿಯದ ದಾರಿ ಹಿಡಿಯಿರಿ: ಬೇಕಾದವರು ನಕಲು ಮಾಡಿ, ಮೂಲದ ಹೆಸರು ಹೇಳಿ, ಬದಲಿಸಿದ್ದರೆ ಬದಲಿಸಿದ್ದೇವೆ ಅನ್ನಿ. ಕಳ್ಳ ಆಗಲೂ ಕೇಳಲ್ಲ, ನಿಜ. ಆದರೆ ಸಜ್ಜನರ ಕೈಯಲ್ಲಿ ಹೆಸರಿರುವ ನೂರು ಪ್ರತಿಗಳಿದ್ದರೆ ಹೆಸರಿಲ್ಲದ ಒಂದು ಪ್ರತಿ ಯಾರದ್ದು ಅನ್ನೋದು ಬೇಗ ಬಯಲಾಗುತ್ತೆ. ತಾಳೆಗರಿಯ ಕಾಲದಲ್ಲೂ ಮೂಲ ಪಾಠ ಉಳಿದಿದ್ದು ಹಾಗೇ.